ಫ್ರೆಡ್ ಫ್ರೆಂಡ್ಲಿ: ತೆರೆಯ ಹಿಂದೆ ನಿಂತವರ ಹೊಣೆ



ದೂರದರ್ಶನದಲ್ಲಿ ಒಂದು ಸಾಕ್ಷ್ಯಚಿತ್ರವನ್ನು ನೋಡಿ ಮುಗಿಸಿದಾಗ ತಮ್ಮ ಮನಸ್ಸಿನಲ್ಲಿ ಉಳಿಯುವವರು ಅದರಲ್ಲಿ ಮಾತನಾಡಿದವರು. ಹೆಚ್ಚೆಂದರೆ ಅದಕ್ಕೆ ನಿರೂಪಣೆಯ ಧ್ವನಿ ಕೊಟ್ಟವರು. ಯಾರನ್ನು ಮಾತನಾಡಿಸಬೇಕು, ಅವರಾಡಿದ ಮಾತಿನಲ್ಲಿ ಎಷ್ಟನ್ನು ಉಳಿಸಬೇಕು, ಯಾವ ದೃಶ್ಯದ ಪಕ್ಕದಲ್ಲಿ ಯಾವ ದೃಶ್ಯವನ್ನು ಇಡಬೇಕು ಎಂದು ನಿರ್ಧರಿಸಿದ ನಿರ್ಮಾಪಕನ ಹೆಸರು ಕೊನೆಯಲ್ಲಿ ಕ್ಷಣಕಾಲ ಮೂಡಿ ಮರೆಯಾಗುತ್ತದೆ. ಆದರೆ ನಾವು ಕಂಡದ್ದು ಸತ್ಯವೋ, ಸತ್ಯದಿಂದ ಕತ್ತರಿಸಿ ತೆಗೆದ ಒಂದು ತುಣುಕೋ ಎಂಬುದು ಬಹುಮಟ್ಟಿಗೆ ಆ ಮರೆಯಾದ ವ್ಯಕ್ತಿಯ ನ್ಯಾಯಬುದ್ಧಿಯನ್ನೇ ಅವಲಂಬಿಸಿರುತ್ತದೆ. ಅಮೆರಿಕದ ಫ್ರೆಡ್ ಫ್ರೆಂಡ್ಲಿಯವರು ಇಂತಹ ಒಬ್ಬ ವ್ಯಕ್ತಿ. ೧೯೧೫ರಲ್ಲಿ ಹುಟ್ಟಿ ೧೯೯೮ರಲ್ಲಿ ಕಾಲವಶರಾದ ಇವರನ್ನು ಆ ದೇಶದಲ್ಲಿ ಎರಡು ಕಾರಣಗಳಿಗಾಗಿ ಕೊಂಡಾಡುತ್ತಾರೆ: ಸೆನೆಟರ್ ಜೋಸೆಫ್ ಮೆಕಾರ್ಥಿಯ ವಿರುದ್ಧ ೧೯೫೪ರಲ್ಲಿ ಪ್ರಸಾರವಾದ ಕಾರ್ಯಕ್ರಮ ಒಂದು; ೧೯೬೬ರಲ್ಲಿ ಅವರು ಕೊಟ್ಟ ರಾಜೀನಾಮೆ ಇನ್ನೊಂದು. ಇವೆರಡೂ ಸಾಮಾನ್ಯ ಸಂಗತಿಗಳಲ್ಲ. ಆದರೂ ಅವರ ಸಾಧನೆಯ ತಿರುಳು ಬೇರೆಡೆ ಇದೆಯೆಂಬುದು ಪ್ರಸ್ತುತ ಲೇಖಕನ ಅಭಿಪ್ರಾಯ. ಅದನ್ನು ಸಹೃದಯರ ಮುಂದಿಡುವುದಷ್ಟೇ ಈ ಬರಹದ ಉದ್ದೇಶ.

ಫ್ರೆಂಡ್ಲಿಯವರು ಮೊದಲು ಕೆಲಸ ಕಲಿತದ್ದು ಚಿತ್ರದಲ್ಲಲ್ಲ, ಧ್ವನಿಯಲ್ಲಿ. ರೋಡ್ ಐಲೆಂಡ್ ರಾಜ್ಯದ ಪ್ರಾವಿಡೆನ್ಸ್ ಎಂಬ ಊರಿನ ರೇಡಿಯೋ ಕೇಂದ್ರದಲ್ಲಿ, ೧೯೩೦ರ ದಶಕದ ಕೊನೆಯ ವರ್ಷಗಳಲ್ಲಿ, ಪ್ರಸಿದ್ಧ ಪುರುಷರ ಜೀವನಚರಿತ್ರೆಯನ್ನು ಐದೈದು ನಿಮಿಷಗಳಲ್ಲಿ ಹೇಳುವ ಕಾರ್ಯಕ್ರಮವನ್ನು ಅವರು ನಡೆಸಿದರು. ಒಬ್ಬ ಮನುಷ್ಯನ ಇಡೀ ಬಾಳನ್ನು ಐದು ನಿಮಿಷಕ್ಕೆ ಇಳಿಸಬೇಕಾದವನಿಗೆ ಯಾವುದನ್ನು ಬಿಡಬೇಕೆಂಬುದರ ಅರಿವು ತಾನಾಗಿಯೇ ಬರುತ್ತದೆ. ಎರಡನೆಯ ಮಹಾಯುದ್ಧ ಅವರನ್ನು ನಮ್ಮ ದೇಶಕ್ಕೂ ಕರೆತಂದಿತು. ಚೀನಾ, ಬರ್ಮಾ, ಭಾರತ ಸೇರಿದ ಯುದ್ಧವಲಯದ ಅಮೆರಿಕನ್ ಸೈನಿಕರಿಗಾಗಿ ದೆಹಲಿಯಿಂದ ಹೊರಡುತ್ತಿದ್ದ ವಾರಪತ್ರಿಕೆಗೆ ಅವರು ಬರೆಯುತ್ತಿದ್ದರು. ಯುದ್ಧದ ಕೊನೆಯಲ್ಲಿ ಯೂರೋಪಿಗೆ ಹೋದಾಗ ಆಸ್ಟ್ರಿಯಾದ ಮೌಟ್‌ಹೌಸೆನ್‌ನಲ್ಲಿದ್ದ ನಾಜಿಗಳ ಸೆರೆಶಿಬಿರವನ್ನು ಕಣ್ಣಾರೆ ಕಂಡರು. ಕಂಡದ್ದನ್ನು ತಾಯಿಗೆ ಪತ್ರ ಬರೆದು ತಿಳಿಸಿದರು. ಆ ಪತ್ರವನ್ನು ಅವರ ಕುಟುಂಬದವರು ಯಹೂದಿಗಳ ಪಾಸೋವರ್ ಹಬ್ಬದಲ್ಲಿ ಓದುವ ಪದ್ಧತಿಯನ್ನು ಇಟ್ಟುಕೊಂಡರಂತೆ.

೧೯೪೮ರಲ್ಲಿ ಅವರು ಎಡ್ವರ್ಡ್ ಮರೋ ಅವರೊಡನೆ ಸೇರಿ ಒಂದು ಧ್ವನಿಮುದ್ರಿಕೆಯನ್ನು ಹೊರತಂದರು. ೧೯೩೩ರಿಂದ ೧೯೪೫ರವರೆಗಿನ ಇತಿಹಾಸವನ್ನು, ಅದನ್ನು ನಡೆಸಿದವರ ದನಿಗಳಿಂದಲೇ ಕೇಳಿಸುವ ತಟ್ಟೆಗಳವು. ಮರೋ ಅವರು ಯುದ್ಧಕಾಲದಲ್ಲಿ ಲಂಡನ್ನಿನಿಂದ ವರದಿ ಮಾಡಿ ಮನೆಮಾತಾಗಿದ್ದವರು. ಗಂಭೀರ ಕಂಠ, ಮಿತವಾದ ಮಾತು. ಫ್ರೆಂಡ್ಲಿಯವರಾದರೋ ಭಾರಿ ಆಳು, ಆತುರದ ಸ್ವಭಾವ, ಒಂದು ಕ್ಷಣ ಸುಮ್ಮನೆ ಕೂಡದವರು. ಇಬ್ಬರ ಜೋಡಿ ಚೆನ್ನಾಗಿ ಕೂಡಿತು. ಧ್ವನಿಮುದ್ರಿಕೆ ಅಪಾರವಾಗಿ ಮಾರಾಟವಾಯಿತು. ಅದರ ಬೆನ್ನಿಗೆ ಸಿ.ಬಿ.ಎಸ್. ಸಂಸ್ಥೆಯಲ್ಲಿ ರೇಡಿಯೋ ಕಾರ್ಯಕ್ರಮ ಬಂದಿತು. ೧೯೫೧ರ ನವೆಂಬರ್ ೧೮ರಂದು ಅದೇ ದೂರದರ್ಶನಕ್ಕೆ ದಾಟಿ 'ಸೀ ಇಟ್ ನೌ' ಎಂಬ ಹೆಸರು ಪಡೆಯಿತು. ಮೊದಲನೆಯ ದಿನವೇ ಅಟ್ಲಾಂಟಿಕ್ ಮತ್ತು ಪೆಸಿಫಿಕ್ ಸಾಗರಗಳ ದಡಗಳೆರಡನ್ನೂ ಏಕಕಾಲದಲ್ಲಿ ನೇರವಾಗಿ ತೋರಿಸಿದರೆಂಬುದು ಅಂದಿಗೆ ದೊಡ್ಡ ಸುದ್ದಿ. ಅದು ಯಂತ್ರದ ಚಮತ್ಕಾರ; ನಾವು ಅಲ್ಲಿ ನಿಲ್ಲಬೇಕಾಗಿಲ್ಲ.

ನಿಲ್ಲಬೇಕಾದುದು ಮರುವರ್ಷದ ಡಿಸೆಂಬರಿನಲ್ಲಿ ಕೊರಿಯಾ ಯುದ್ಧರಂಗದಿಂದ ಬಂದ ಒಂದು ಗಂಟೆಯ ಚಿತ್ರದಲ್ಲಿ. ಅಲ್ಲಿಯವರೆಗೆ ಯುದ್ಧವೆಂದರೆ ಭೂಪಟ, ಬಾಣದ ಗುರುತು, ಸೇನಾನಿಯ ಹೇಳಿಕೆ. ಈ ಚಿತ್ರ ಆರಂಭವಾಗುವುದು ಹೆಪ್ಪುಗಟ್ಟಿದ ನೆಲದಲ್ಲಿ ಅಡಗುಗುಂಡಿ ತೋಡಲು ಹೆಣಗುತ್ತಿರುವ ಒಬ್ಬ ಸೈನಿಕನಿಂದ. ಸಲಿಕೆ ನೆಲಕ್ಕೆ ತಾಗುತ್ತದೆ, ನೆಲ ಬಿಟ್ಟುಕೊಡುವುದಿಲ್ಲ. ಯಾರು ಗೆದ್ದರು, ಯಾರು ಸೋತರು ಎಂದು ಚಿತ್ರ ಹೇಳುವುದಿಲ್ಲ. ಧ್ವನಿಸಹಿತವಾದ ಚಲನಚಿತ್ರವನ್ನು ಈ ಕಾರ್ಯಕ್ರಮಕ್ಕಾಗಿಯೇ ತೆಗೆಸುವುದು, ಜನರಿಗೆ ಮಾತನ್ನು ಹೇಳಿಕೊಟ್ಟು ಆಡಿಸದಿರುವುದು, ಅವರು ತಡವರಿಸಿದರೆ ಆ ತಡವರಿಕೆಯನ್ನೂ ಉಳಿಸಿಕೊಳ್ಳುವುದು, ಇದು ಫ್ರೆಂಡ್ಲಿಯವರು ರೂಢಿಸಿದ ಕ್ರಮ. ಇಂದು ಇದು ಸಹಜವೆನಿಸಬಹುದು. ಆದರೆ ಚಿತ್ರಮಂದಿರಗಳ ವಾರ್ತಾಚಿತ್ರದ ತುಣುಕುಗಳಿಗೆ ಆಡಂಬರದ ವಿವರಣೆ ಅಂಟಿಸಿ ತೋರಿಸುತ್ತಿದ್ದ ಕಾಲದಲ್ಲಿ ಇದು ಹೊಸ ದಾರಿಯಾಗಿತ್ತು.

ಇನ್ನು ೧೯೫೩ನೆಯ ವರ್ಷಕ್ಕೆ ಬರೋಣ. ಫ್ರೆಂಡ್ಲಿಯವರ ಬಾಳಿನ ನಿಜವಾದ ಶಿಖರ ಇದೇ ಎಂದು ನನ್ನ ಭಾವನೆ. ಕಮ್ಯುನಿಸ್ಟರ ಭಯ ಅಮೆರಿಕವನ್ನು ಆವರಿಸಿಕೊಂಡಿದ್ದ ಕಾಲ ಅದು. ಸರ್ಕಾರಿ ನೌಕರ, ಅಧ್ಯಾಪಕ, ನಟ, ಬರಹಗಾರ, ಯಾರ ಮೇಲಾದರೂ ಸಂಶಯ ಬಿದ್ದರೆ ಸಾಕು, ಅವನ ಅನ್ನ ಹೋಗುತ್ತಿತ್ತು. ಮಿಚಿಗನ್ ರಾಜ್ಯದ ಡೆಕ್ಸ್‌ಟರ್ ಎಂಬ ಸಣ್ಣ ಊರಿನಲ್ಲಿ ಮೈಲೋ ರಾಡುಲೋವಿಚ್ ಎಂಬ ೨೬ ವರ್ಷದ ಯುವಕನಿದ್ದ. ವಾಯುಪಡೆಯ ಮೀಸಲು ದಳದಲ್ಲಿ ಲೆಫ್ಟಿನೆಂಟ್, ಹವಾಮಾನಶಾಸ್ತ್ರ ಬಲ್ಲವನು, ವಿಶ್ವವಿದ್ಯಾಲಯದಲ್ಲಿ ಓದುತ್ತಿದ್ದವನು. ವಾಯುಪಡೆ ಅವನನ್ನು ಹೊರಹಾಕಲು ನಿರ್ಧರಿಸಿತು. ಅವನ ಸ್ವಂತ ನಿಷ್ಠೆಯ ಬಗ್ಗೆ ಯಾವ ಆರೋಪವೂ ಇರಲಿಲ್ಲ. ತಂದೆ ಸರ್ಬಿಯಾದಿಂದ ವಲಸೆ ಬಂದವನು, ಸರ್ಬಿಯನ್ ಭಾಷೆಯ ಒಂದು ಎಡಪಂಥೀಯ ಪತ್ರಿಕೆ ತರಿಸುತ್ತಿದ್ದನು. ಸೋದರಿಗೆ ಎಡಪಂಥೀಯ ಚಟುವಟಿಕೆಗಳಲ್ಲಿ ಒಲವಿತ್ತು. ಅವರೊಡನೆ ನಿಕಟ ಸಂಬಂಧ ಇಟ್ಟುಕೊಂಡಿರುವುದೇ ಇವನ ಅಪರಾಧ! ತಂದೆಯನ್ನೂ ಒಡಹುಟ್ಟಿದವಳನ್ನೂ ತೊರೆದರೆ ಕೆಲಸ ಉಳಿದೀತು ಎಂಬುದು ಇದರ ತಾತ್ಪರ್ಯ. ಸಾಕ್ಷ್ಯವೆಂದು ಹೇಳಲಾದುದು ಮೊಹರು ಹಾಕಿದ ಲಕೋಟೆಯೊಂದರಲ್ಲಿತ್ತು. ಅದನ್ನು ಅವನಿಗಾಗಲಿ ಅವನ ವಕೀಲನಿಗಾಗಲಿ ತೆರೆದು ತೋರಿಸಲಿಲ್ಲ.

ಡೆಟ್ರಾಯಿಟ್ ನಗರದ ದಿನಪತ್ರಿಕೆಯೊಂದರ ಸುದ್ದಿಯಿಂದ ಇದು ಮರೋ ಮತ್ತು ಫ್ರೆಂಡ್ಲಿಯವರ ಗಮನಕ್ಕೆ ಬಂದಿತು. ವರದಿಗಾರ ಜೋ ವರ್ಶ್‌ಬಾ ಅವರನ್ನೂ ಛಾಯಾಗ್ರಾಹಕ ಚಾರ್ಲಿ ಮ್ಯಾಕ್ ಅವರನ್ನೂ ಡೆಕ್ಸ್‌ಟರ್‌ಗೆ ಕಳಿಸಿದರು. ಅವರು ತಂದ ಚಿತ್ರದಲ್ಲಿ ಗಣ್ಯರಾರೂ ಇಲ್ಲ. ಆ ಯುವಕ, ಅವನ ತಂದೆ, ಸೋದರಿ, ಊರಿನ ಸಾಮಾನ್ಯ ಜನ. ಇವರೇ ಅದರ ಪಾತ್ರಗಳು. ವಾಯುಪಡೆಗೂ ಮಾತನಾಡಲು ಅವಕಾಶ ಕೊಟ್ಟರು, ಅದು ನಿರಾಕರಿಸಿತು. ಅಕ್ಟೋಬರ್ ೨೦ರಂದು ಕಾರ್ಯಕ್ರಮ ಪ್ರಸಾರವಾಯಿತು. ಐದು ವಾರಗಳ ನಂತರ, ನವೆಂಬರ್ ೨೪ರಂದು, ವಾಯುಪಡೆಯ ಕಾರ್ಯದರ್ಶಿ ಹೆರಾಲ್ಡ್ ಟ್ಯಾಲ್ಬಟ್ ಅವರೇ ಇದೇ ಕಾರ್ಯಕ್ರಮದಲ್ಲಿ ಕಾಣಿಸಿಕೊಂಡು ಯುವಕನನ್ನು ಸೇವೆಯಲ್ಲಿ ಉಳಿಸಿಕೊಂಡಿರುವುದಾಗಿ ಪ್ರಕಟಿಸಿದರು. ಮೊಹರಿನ ಲಕೋಟೆಯ ಎದುರಿಗೆ ತೆರೆದ ಮುಖವೊಂದನ್ನು ತಂದು ನಿಲ್ಲಿಸಿದ್ದು, ಅಷ್ಟೇ ನಿರ್ಮಾಪಕರು ಮಾಡಿದ ವಾದ.

ಅದೇ ನವೆಂಬರ್ ೨೪ರ ಕಾರ್ಯಕ್ರಮದಲ್ಲಿ ಇನ್ನೊಂದು ಕಿರುಚಿತ್ರವೂ ಇತ್ತು. ಅದರ ಕಡೆಗೆ ವಿಮರ್ಶಕರ ಲಕ್ಷ್ಯ ಸಾಲದಷ್ಟು ಹೋಗಿಲ್ಲವೆಂದು ತೋರುತ್ತದೆ. ಇಂಡಿಯಾನಾಪೊಲಿಸ್ ನಗರದಲ್ಲಿ ಪೌರಸ್ವಾತಂತ್ರ್ಯದ ಸಂಘವೊಂದು ಸಭೆ ಸೇರಲು ಬಯಸಿತು. ಮಾಜಿ ಸೈನಿಕರ ಸಂಘಟನೆಯಾದ ಅಮೆರಿಕನ್ ಲೀಜನ್ ವಿರೋಧಿಸಿತು, ಸಭಾಂಗಣ ಕೊಡುವವರಿಲ್ಲವಾಯಿತು. ಕೊನೆಗೆ ಕ್ಯಾಥೊಲಿಕ್ ಪಾದ್ರಿಯೊಬ್ಬರು ತಮ್ಮ ಇಗರ್ಜಿಯ ಸಭಾಭವನದ ಬಾಗಿಲು ತೆರೆದರು. ಒಂದೇ ರಾತ್ರಿ ಊರಿನಲ್ಲಿ ಎರಡು ಸಭೆಗಳು: ಇತ್ತ ಸಂಘದವರದು, ಅತ್ತ ಲೀಜನ್ನಿನವರದು. ಫ್ರೆಂಡ್ಲಿಯವರ ಬಳಗ ಎರಡನ್ನೂ ಚಿತ್ರೀಕರಿಸಿ, ಒಂದರ ಮಾತಿಗೆ ಇನ್ನೊಂದು ಉತ್ತರವೆಂಬಂತೆ ಹೆಣೆದು ತೋರಿಸಿತು. ಎದುರು ಬದುರಾಗಿ ಕೂತು ಎಂದೂ ಮಾತನಾಡದ ಜನ ತೆರೆಯ ಮೇಲೆ ಪರಸ್ಪರ ಮಾತನಾಡಿದರು. ತಮ್ಮ ವಿದ್ಯಾರ್ಥಿದೆಸೆಯಲ್ಲಿ ಚರ್ಚಾಸ್ಪರ್ಧೆಗಳಲ್ಲಿ ಪರವಾಗಿಯೋ ವಿರೋಧವಾಗಿಯೋ ನಿಂತು ವಾದಿಸಿದ ವಾಚಕರಿಗೆ ಇದರ ಬೆಲೆ ಬೇಗ ತಿಳಿದೀತು. ಇಬ್ಬರಿಗೂ ಅವರವರ ಮಾತಿನಲ್ಲಿಯೇ ಹೇಳಿಕೊಳ್ಳಲು ಎಡೆ ಸಿಕ್ಕಿದೆ, ತೀರ್ಪು ನೋಡುವವನದು.

ಇದಾದ ಮೂರೂವರೆ ತಿಂಗಳಿಗೆ, ೧೯೫೪ರ ಮಾರ್ಚ್ ೯ರಂದು ಬಂದದ್ದು ಮೆಕಾರ್ಥಿ ಕಾರ್ಯಕ್ರಮ. ಸೆನೆಟರನ ಭಾಷಣಗಳು, ವಿಚಾರಣೆಗಳು, ಅವನ ನಗೆ, ಅವನು ಒಂದೆಡೆ ಹೇಳಿದ್ದಕ್ಕೆ ಇನ್ನೊಂದೆಡೆ ತಾನೇ ಕೊಟ್ಟುಕೊಂಡ ವಿರೋಧ, ಇವೆಲ್ಲವನ್ನೂ ಒಂದರ ಪಕ್ಕದಲ್ಲೊಂದು ಜೋಡಿಸಿದ ಅರ್ಧ ಗಂಟೆಯ ಸಂಕಲನ ಅದು. ಕೊನೆಯಲ್ಲಿ ಮರೋ ಅವರ ಗಂಭೀರವಾದ ಮಾತು. ಸಂಸ್ಥೆ ಇದಕ್ಕೆ ಪ್ರಚಾರ ಕೊಡಲು ಒಪ್ಪದಿದ್ದಾಗ ಇಬ್ಬರೂ ಸ್ವಂತ ಹಣದಿಂದ ಪತ್ರಿಕೆಯಲ್ಲಿ ಜಾಹೀರಾತು ಹಾಕಿಸಿದರು, ಅದರಲ್ಲಿ ಸಿ.ಬಿ.ಎಸ್. ಲಾಂಛನವಿರಲಿಲ್ಲ. ಬಂದ ಪತ್ರಗಳಲ್ಲಿ, ತಂತಿಗಳಲ್ಲಿ ಬಹುಪಾಲು ಮೆಚ್ಚುಗೆಯವೇ. ಅವರ ಧೈರ್ಯವನ್ನು ಯಾರೂ ಅಲ್ಲಗಳೆಯಲಾರರು. ಆದರೆ ವಿಮರ್ಶೆ ಧೈರ್ಯವನ್ನು ಮಾತ್ರ ತೂಗಿ ಸುಮ್ಮನಾಗಬಾರದಷ್ಟೆ.

ಮೆಕಾರ್ಥಿಯ ಅಬ್ಬರ ಶುರುವಾದದ್ದು ೧೯೫೦ರ ಫೆಬ್ರವರಿಯಲ್ಲಿ. ನಾಲ್ಕು ವರ್ಷ ಕಳೆದಿದ್ದವು. ಕೆಲವು ಪತ್ರಿಕಾಕರ್ತರು ಆ ವೇಳೆಗಾಗಲೇ ಅವನನ್ನು ಎದುರಿಸಿ ಬರೆದಿದ್ದರು. ಅವನನ್ನು ಕೆಳಗಿಳಿಸಿದ ಕೀರ್ತಿಯೂ ಈ ಒಂದು ಕಾರ್ಯಕ್ರಮಕ್ಕೇ ಸಲ್ಲದು. ಏಪ್ರಿಲಿನಿಂದ ಜೂನ್‌ವರೆಗೆ ನಡೆದು ಎ.ಬಿ.ಸಿ. ಸಂಸ್ಥೆಯ ಮೂಲಕ ನೇರವಾಗಿ ಪ್ರಸಾರವಾದ ಸೇನಾ ವಿಚಾರಣೆ ಅವನ ಬಣ್ಣವನ್ನು ಬಯಲುಮಾಡಿತು. ಡಿಸೆಂಬರ್ ೨ರಂದು ಸೆನೆಟ್ ಸಭೆಯೇ ಅವನನ್ನು ಖಂಡಿಸಿತು. ಇದಕ್ಕಿಂತ ಗಹನವಾದ ಪ್ರಶ್ನೆಯನ್ನು ಆಗಲೇ ಎತ್ತಿದವರು ಗಿಲ್ಬರ್ಟ್ ಸೆಲ್ಡಿಸ್ ಎಂಬ ವಿಮರ್ಶಕರು. ಅವರು ಮೆಕಾರ್ಥಿಯ ಪಕ್ಷದವರಲ್ಲ. ಆದರೆ ನುರಿತ ಸಂಕಲನಕಾರರು ಶ್ರಮಪಟ್ಟು ಕಟ್ಟಿದ ಅರ್ಧ ಗಂಟೆಗೆ ಪ್ರತಿಯಾಗಿ ಎದುರಾಳಿಗೆ ಬರಿಯ ಅರ್ಧ ಗಂಟೆ ಕೊಟ್ಟರೆ ಅದು ಸಮಾನಾವಕಾಶವಾದೀತೆ ಎಂಬುದು ಅವರ ಆಕ್ಷೇಪಣೆಯ ಸಾರ. ಏಪ್ರಿಲ್ ೬ರಂದು ಸೆನೆಟರನ ಉತ್ತರ ಪ್ರಸಾರವಾದಾಗ ಈ ಮಾತಿನ ಸತ್ಯ ಕಂಡಿತು. ಚಿತ್ರ ತೆಗೆಸಿದ ವೆಚ್ಚವನ್ನು ಸಿ.ಬಿ.ಎಸ್. ಸಂಸ್ಥೆಯೇ ಭರಿಸಿತು; ಆದರೂ ಆ ಚಿತ್ರ ಒರಟಾಗಿತ್ತು, ಅದರಿಂದ ಅವನಿಗೇ ಹಾನಿಯಾಯಿತು. ಇಂದು ಸಜ್ಜನರ ಕೈಯಲ್ಲಿರುವ ಕತ್ತರಿ ನಾಳೆ ಯಾರ ಕೈಗೆ ಹೋಗುವುದೆಂದು ಬಲ್ಲವರಾರು? ರಾಡುಲೋವಿಚ್ ಚಿತ್ರದಲ್ಲಿ ಕತ್ತರಿ ಒಬ್ಬ ಬಡಪಾಯಿಗೆ ದನಿ ಕೊಟ್ಟಿತ್ತು. ಇಲ್ಲಿ ಒಬ್ಬನ ದನಿಯನ್ನು ಅವನ ವಿರುದ್ಧವೇ ತಿರುಗಿಸಿತು. ಆ ಒಬ್ಬನು ಅದಕ್ಕೆ ಅರ್ಹನೇ ಆಗಿದ್ದನೆನ್ನೋಣ. ಆದರೂ ಎರಡೂ ಒಂದೇ ಬಗೆಯ ಕೆಲಸವಲ್ಲ, ಮೊದಲನೆಯದು ಮೇಲು ಎಂಬ ನನ್ನ ತೀರ್ಮಾನ ಬದಲಾಗದು. ೨೦೦೫ರಲ್ಲಿ ಜಾರ್ಜ್ ಕ್ಲೂನಿ ನಿರ್ದೇಶಿಸಿ, ತಾವೇ ಫ್ರೆಂಡ್ಲಿಯವರ ಪಾತ್ರ ವಹಿಸಿದ ಚಲನಚಿತ್ರವೂ ರಾಡುಲೋವಿಚ್‌ನನ್ನು ತೋರಿಸುತ್ತದೆ. ಆದರೆ ಮೆಕಾರ್ಥಿಯ ಕಡೆಗೆ ಏರುವ ಮೆಟ್ಟಿಲನ್ನಾಗಿ ಮಾತ್ರ.

ಮುಂದಿನ ಕಥೆ ಹಣದ ಕಥೆ. ೧೯೫೫ರ ಏಪ್ರಿಲಿನಲ್ಲಿ ಪೋಲಿಯೋ ಲಸಿಕೆಯ ಜೋನಾಸ್ ಸಾಕ್ ಅವರನ್ನು ಮಾತನಾಡಿಸಿದ ಕಾರ್ಯಕ್ರಮವೇ ಆ ವರ್ಷದ ಬೇಸಿಗೆಯಲ್ಲಿ ತನ್ನ ಪ್ರಾಯೋಜಕರಾದ ಅಲ್ಕೋವಾ ಅಲ್ಯೂಮಿನಿಯಂ ಕಂಪನಿಯನ್ನು ಕಳೆದುಕೊಂಡಿತು. ಜೂನ್ ೭ರಂದು ಅದರ ಮುಂಚಿನ ಅರ್ಧ ಗಂಟೆಯಲ್ಲಿ ಅರವತ್ತನಾಲ್ಕು ಸಾವಿರ ಡಾಲರ್ ಬಹುಮಾನದ ಪ್ರಶ್ನೋತ್ತರ ಪಂದ್ಯವೊಂದು ಆರಂಭವಾಯಿತು. ಅದನ್ನು ನೋಡುತ್ತಿದ್ದಂತೆಯೇ, ನಮ್ಮ ವೇಳೆ ನಮಗೆ ಎಷ್ಟು ದಿನ ಉಳಿದೀತು ಎಂದು ಮರೋ ಅವರು ಕೇಳಿದರೆಂದು ಫ್ರೆಂಡ್ಲಿಯವರೇ ಬರೆದಿದ್ದಾರೆ. ಜಾಹೀರಾತುದಾರರು ಅಂತಹ ಪಂದ್ಯಗಳಿಗೆ ಮುಗಿಬಿದ್ದ ಮೇಲೆ, ಕಷ್ಟದ ವಿಷಯಗಳನ್ನೆತ್ತುವ ಅರ್ಧ ಗಂಟೆ ಸಂಸ್ಥೆಗೆ ದುಬಾರಿಯಾಗಿ ತೋರಿತು. ವಾರದ ಕಾರ್ಯಕ್ರಮ ಆಗಾಗಿನ ಕಾರ್ಯಕ್ರಮವಾಯಿತು. ೧೯೫೮ರ ಜುಲೈ ತಿಂಗಳಲ್ಲಿ ನಿಂತುಹೋಯಿತು.

ಅದೇ ವರ್ಷದ ಅಕ್ಟೋಬರಿನಲ್ಲಿ ಈ ಇಬ್ಬರೇ ಆರಂಭಿಸಿದ 'ಸ್ಮಾಲ್ ವರ್ಲ್ಡ್' ನಮ್ಮವರಿಗೆ ಪ್ರಿಯವಾಗಬಹುದಾದ ಪ್ರಯೋಗ. ಮೊದಲನೆಯ ಸಂಚಿಕೆಯಲ್ಲಿ ದೆಹಲಿಯಿಂದ ಪಂಡಿತ ನೆಹರೂ, ಇಟಲಿಯ ಟ್ಯೂರಿನ್‌ನಿಂದ ಆಲ್ಡಸ್ ಹಕ್ಸ್‌ಲಿ, ಅಮೆರಿಕದ ಮೇನ್ ರಾಜ್ಯದಿಂದ ಥಾಮಸ್ ಡ್ಯೂಯಿ ಪರಸ್ಪರ ಸಂವಾದ ನಡೆಸಿದರು. ಉಪಗ್ರಹಗಳಿಲ್ಲದ ಕಾಲ, ದೂರವಾಣಿಯಲ್ಲಿ ಮಾತನಾಡುವಾಗ ಅವರವರು ಇದ್ದಲ್ಲಿಯೇ ಚಿತ್ರ ತೆಗೆದು, ಫಿಲ್ಮುಗಳನ್ನು ತರಿಸಿ, ಬಳಿಕ ಒಂದಾಗಿ ಹೆಣೆದರು. ಇಂಡಿಯಾನಾಪೊಲಿಸ್‌ನಲ್ಲಿ ಕಲಿತ ಹೆಣಿಗೆಯೇ ಇಲ್ಲಿ ಜಗತ್ತಿನ ಅಗಲಕ್ಕೆ ಹರಡಿತು.

೧೯೬೦ರ ನವೆಂಬರ್ ೨೫ರ 'ಹಾರ್ವೆಸ್ಟ್ ಆಫ್ ಷೇಮ್' ಮರೋ ಮತ್ತು ಫ್ರೆಂಡ್ಲಿಯವರ ಜೋಡಿಯ ಕೊನೆಯ ದೊಡ್ಡ ಕೃತಿ. ನಿರ್ಮಾಪಕರು ಡೇವಿಡ್ ಲೋ. ಕಾರ್ಯನಿರ್ವಾಹಕ ನಿರ್ಮಾಪಕರು ಫ್ರೆಂಡ್ಲಿ. ಅಮೆರಿಕನ್ನರು ಹಬ್ಬದೂಟ ಮಾಡಿ ದೇವರಿಗೆ ಕೃತಜ್ಞತೆ ಸಲ್ಲಿಸುವ ಗುರುವಾರದ ಮರುದಿನವೇ ಇದನ್ನು ಪ್ರಸಾರ ಮಾಡಿದರು. ಆ ಊಟದ ತರಕಾರಿ, ಹಣ್ಣುಗಳನ್ನು ಕೊಯ್ಯುವ ವಲಸೆ ಕೂಲಿಗಳು ಹೇಗೆ ಬದುಕುತ್ತಾರೆಂಬುದೇ ವಿಷಯ. ಫ್ಲಾರಿಡಾದ ಬಯಲಿನಲ್ಲಿ ನಸುಕಿಗೆ ಕೂಡುವ ಕೂಲಿಯ ಸಂತೆ, ಲಾರಿಗಳಲ್ಲಿ ತುಂಬಿ ಸಾಗಿಸಲ್ಪಡುವ ಹೆಂಗಸರು, ಮಕ್ಕಳು, ದಿನವೆಲ್ಲ ದುಡಿದು ಪಡೆಯುವ ಪುಡಿಗಾಸು. ದಿನಾಂಕದ ಆಯ್ಕೆಯಲ್ಲೇ ನಿರ್ಮಾಪಕರ ಮನಸ್ಸು ಕಾಣುತ್ತದೆ. ನೋಡಿದವರು ಕಂಗೆಟ್ಟರು, ಜಮೀನುದಾರರ ಸಂಘಗಳು ಪ್ರತಿಭಟಿಸಿದವು. ಫಲ? ಹತ್ತು ವರ್ಷಗಳ ಮೇಲೆ, ೧೯೭೦ರಲ್ಲಿ, ಪ್ರತಿಸ್ಪರ್ಧಿ ಎನ್.ಬಿ.ಸಿ. ಸಂಸ್ಥೆ ಅದೇ ವಿಷಯದ ಮೇಲೆ ಚಿತ್ರ ತೆಗೆದಾಗ ಕಂಡದ್ದು ಹೆಚ್ಚುಕಡಿಮೆ ಅದೇ ದುಸ್ಥಿತಿ. ಇನ್ನೊಂದು ವಿಪರ್ಯಾಸ: ೧೯೬೧ರಲ್ಲಿ ಮರೋ ಅವರು ಸರ್ಕಾರದ ವಾರ್ತಾ ಸಂಸ್ಥೆಯ ಮುಖ್ಯಸ್ಥರಾಗಿ ಹೋದೊಡನೆ, ತಮ್ಮದೇ ಈ ಚಿತ್ರವನ್ನು ತೋರಿಸಬೇಡಿರೆಂದು ಬಿ.ಬಿ.ಸಿ.ಯನ್ನು ಕೇಳಿಕೊಂಡರು. ಬಿ.ಬಿ.ಸಿ. ಕೇಳಲಿಲ್ಲ, ತೋರಿಸಿತು. ಕುರ್ಚಿ ಬದಲಾದಾಗ ಎಂತಹ ದೊಡ್ಡವರೂ ಎಡವುತ್ತಾರೆ.

ಫ್ರೆಂಡ್ಲಿಯವರ ಕುರ್ಚಿಯೂ ಬದಲಾಯಿತು. ೧೯೬೪ರಲ್ಲಿ ಅವರು ಸಿ.ಬಿ.ಎಸ್. ವಾರ್ತಾವಿಭಾಗದ ಅಧ್ಯಕ್ಷರಾದರು. ೧೯೬೫ರ ಆಗಸ್ಟಿನಲ್ಲಿ, ವಿಯೆಟ್ನಾಮಿನ ಕಾಮ್ ನೇ ಎಂಬ ಹಳ್ಳಿಯ ಗುಡಿಸಲುಗಳಿಗೆ ಅಮೆರಿಕನ್ ಸೈನಿಕರೇ ಬೆಂಕಿ ಇಡುವುದನ್ನು ತೋರಿಸಿದ ಮೋರ್ಲಿ ಸೇಫರ್ ಅವರ ವರದಿ ಇವರ ಅಧಿಕಾರದಲ್ಲಿಯೇ ಪ್ರಸಾರವಾಯಿತು. ೧೯೬೬ರ ಫೆಬ್ರವರಿಯಲ್ಲಿ ಸೆನೆಟರ್ ಫುಲ್‌ಬ್ರೈಟ್ ಅವರ ಸಮಿತಿ ಆ ಯುದ್ಧದ ಬಗ್ಗೆ ಬಹಿರಂಗ ವಿಚಾರಣೆ ನಡೆಸಿತು. ಫೆಬ್ರವರಿ ೧೦ರಂದು ಹಿರಿಯ ರಾಜತಂತ್ರಜ್ಞ ಜಾರ್ಜ್ ಕೆನನ್ ಸಾಕ್ಷ್ಯ ನುಡಿಯುತ್ತಿದ್ದಾಗ ಎನ್.ಬಿ.ಸಿ. ನೇರವಾಗಿ ತೋರಿಸಿತು, ಸಿ.ಬಿ.ಎಸ್. ಮಾತ್ರ 'ಐ ಲವ್ ಲೂಸಿ' ಎಂಬ ಹಳೆಯ ಹಾಸ್ಯ ಧಾರಾವಾಹಿಯನ್ನು ಮರುಪ್ರಸಾರ ಮಾಡಿತು. ಹಗಲಿನ ಜಾಹೀರಾತಿನ ಆದಾಯ ಬಿಡಲು ಸಂಸ್ಥೆಗೆ ಮನಸ್ಸಿರಲಿಲ್ಲ. ಫೆಬ್ರವರಿ ೧೫ರಂದು ಫ್ರೆಂಡ್ಲಿಯವರು ರಾಜೀನಾಮೆ ಕೊಟ್ಟು ಹೊರಬಂದರು. ಹೊಸ ಆಡಳಿತ ವ್ಯವಸ್ಥೆಯಲ್ಲಿ ಅವರಿಗೂ ಸಂಸ್ಥೆಯ ಯಜಮಾನರಿಗೂ ನಡುವೆ ಇನ್ನೊಬ್ಬ ಅಧಿಕಾರಿ ಬಂದು ಕೂತಿದ್ದನೆಂಬುದೂ ಇದರ ಹಿಂದಿತ್ತು ಎಂದು ಅಂದಿನಿಂದಲೂ ಹೇಳುವವರಿದ್ದಾರೆ. ಇದ್ದೀತು. ಮನುಷ್ಯನ ದೊಡ್ಡ ನಿರ್ಧಾರಗಳಲ್ಲಿ ಸ್ವಾಭಿಮಾನದ ಅಂಶ ಬೆರೆತಿದ್ದರೆ ಆ ನಿರ್ಧಾರ ಹುಸಿಯಾಗದು. ಆದರೆ ರಾಜೀನಾಮೆ ಎಂಬುದು ಇಲ್ಲವೆನ್ನುವ ಕ್ರಿಯೆ. ನಿರ್ಮಾಪಕನೊಬ್ಬನನ್ನು ಅವನು ನಿರ್ಮಿಸಿದ್ದರಿಂದ ಅಳೆಯಬೇಕು.

ಆಮೇಲೆ ಏನು ನಿರ್ಮಿಸಿದರು? ಹೊರಬಂದ ವರ್ಷವೇ ಫೋರ್ಡ್ ಪ್ರತಿಷ್ಠಾನದ ಸಲಹೆಗಾರರಾಗಿ, ಕೊಲಂಬಿಯಾ ವಿಶ್ವವಿದ್ಯಾಲಯದ ಪತ್ರಿಕೋದ್ಯಮ ಶಾಲೆಯ ಪ್ರಾಧ್ಯಾಪಕರಾಗಿ ಎರಡು ಕೆಲಸ ಹಿಡಿದರು. ಪ್ರಸಾರಕ್ಕೆ ಉಪಗ್ರಹವನ್ನು ಬಳಸಿ, ಅದರಿಂದ ಉಳಿಯುವ ಹಣವನ್ನು ಶೈಕ್ಷಣಿಕ ದೂರದರ್ಶನಕ್ಕೆ ಒದಗಿಸಬೇಕೆಂಬ ಯೋಜನೆಯನ್ನು ೧೯೬೬ರಲ್ಲಿಯೇ ಪ್ರತಿಷ್ಠಾನದ ಮೂಲಕ ಮುಂದಿಟ್ಟರು, ಅದು ಕೈಗೂಡಲಿಲ್ಲ. ೧೯೬೮ರಲ್ಲಿ ಕರಿಯರೇ ಮೊದಲಾದ ಅಲ್ಪಸಂಖ್ಯಾತ ತರುಣ ತರುಣಿಯರಿಗೆ ವರದಿಗಾರಿಕೆ ಕಲಿಸುವ ಬೇಸಿಗೆ ಶಿಬಿರವನ್ನು ಕೊಲಂಬಿಯಾದಲ್ಲಿ ಆರಂಭಿಸಿದರು. ಸುದ್ದಿಯಲ್ಲಿ ವಸ್ತುವಾಗಿ ಮಾತ್ರ ಕಾಣಿಸುತ್ತಿದ್ದವರು ಸುದ್ದಿಯನ್ನು ಹೇಳುವವರೂ ಆಗಲು ದಾರಿಯಾಯಿತು.

ಇವೆಲ್ಲಕ್ಕಿಂತ ಮಿಗಿಲಾದುದು ೧೯೭೪ರಲ್ಲಿ ಆರಂಭವಾದ ವಿಚಾರಗೋಷ್ಠಿಗಳು. ಕುದುರೆಯ ಲಾಳದ ಆಕಾರದ ಮೇಜಿನ ಸುತ್ತ ನ್ಯಾಯಾಧೀಶರು, ವಕೀಲರು, ಸೇನಾಧಿಕಾರಿಗಳು, ಪತ್ರಕರ್ತರು, ಮಂತ್ರಿಗಳಾಗಿದ್ದವರು ಕೂತಿರುತ್ತಾರೆ. ನಡುವೆ ಕಾನೂನಿನ ಪ್ರಾಧ್ಯಾಪಕರೊಬ್ಬರು ಓಡಾಡುತ್ತ ಒಂದು ಕಲ್ಪಿತ ಸನ್ನಿವೇಶ ಮುಂದಿಡುತ್ತಾರೆ. ಈಗ ನೀವೇನು ಮಾಡುತ್ತೀರಿ ಎಂದು ಕೇಳುತ್ತಾರೆ. ಉತ್ತರ ಬಂದೊಡನೆ ಸನ್ನಿವೇಶವನ್ನು ಒಂದಿಷ್ಟು ತಿರುಗಿಸಿ ಮತ್ತೆ ಕೇಳುತ್ತಾರೆ. ೧೯೮೪ರಲ್ಲಿ ಸಂವಿಧಾನದ ಮೇಲೆ ಹದಿಮೂರು ಕಂತುಗಳ ಮಾಲೆ, ೧೯೮೯ರಲ್ಲಿ ನೀತಿಯ ಮೇಲೆ ಹತ್ತು ಕಂತುಗಳ ಮಾಲೆ ಹೀಗೆ ಬಂದವು. ಎರಡನೆಯದರಲ್ಲಿ ಒಂದು ಪ್ರಸಂಗ ನೋಡಿದವರಾರೂ ಮರೆಯಲಾರರು. ಶತ್ರುಸೈನ್ಯದ ಜೊತೆ ವರದಿಗಾಗಿ ಹೋಗಿದ್ದೀರಿ. ಅವರು ನಿಮ್ಮ ದೇಶದ ಸೈನಿಕರ ಮೇಲೆ ಹೊಂಚುಹಾಕಿ ಎರಗಲಿದ್ದಾರೆ. ಎಚ್ಚರಿಸುತ್ತೀರಾ, ಚಿತ್ರ ತೆಗೆಯುತ್ತೀರಾ? ಪ್ರಸಿದ್ಧ ವಾರ್ತಾವಾಚಕ ಪೀಟರ್ ಜೆನಿಂಗ್ಸ್ ಬಹಳ ಹೊತ್ತು ಯೋಚಿಸಿ, ಎಚ್ಚರಿಸುತ್ತೇನೆಂದರು. ಮೈಕ್ ವಾಲೇಸ್, ವರದಿಗಾರನ ಧರ್ಮ ಚಿತ್ರ ತೆಗೆಯುವುದೆಂದು ಹೇಳಿದರು; ಜೆನಿಂಗ್ಸ್ ಅವರ ಮನಸ್ಸು ಆಗ ಹಿಂದೆ ಸರಿಯಿತು. ಅಲ್ಲಿಯೇ ಕೂತಿದ್ದ ಕರ್ನಲ್ ಜಾರ್ಜ್ ಕಾನೆಲ್ ತಮಗೆ ತಿರಸ್ಕಾರವಲ್ಲದೆ ಬೇರೇನೂ ಅನಿಸುತ್ತಿಲ್ಲವೆಂದರು. ನಾಳೆ ಈ ಪತ್ರಕರ್ತರಿಬ್ಬರೇ ಗಾಯಗೊಂಡು ಬಿದ್ದರೆ ತಮ್ಮ ಯೋಧರು ಅವರನ್ನು ಎತ್ತಿತರಲು ಹೋಗುತ್ತಾರೆ, ಹೋಗಿ ಸಾಯುತ್ತಾರೆ ಎಂದೂ ಸೇರಿಸಿದರು. ಸಭೆ ಸ್ತಬ್ಧವಾಯಿತು.

ಇಲ್ಲಿ ತಾವು ಗಮನಿಸಬೇಕಾದುದೊಂದಿದೆ. ಕಾರ್ಯಕ್ರಮ ಇದಕ್ಕೆ ಸಮಾಧಾನ ಹೇಳುವುದಿಲ್ಲ. ಮೆಕಾರ್ಥಿ ಕಾರ್ಯಕ್ರಮದಂತೆ ಕೊನೆಯಲ್ಲಿ ಗಂಭೀರ ಕಂಠವೊಂದು ಬಂದು ಸರಿ ತಪ್ಪುಗಳನ್ನು ವಿಂಗಡಿಸುವುದಿಲ್ಲ. ಮತ್ತೂ ಒಂದು ಮಾತು: ಕಟಕಟೆಯಲ್ಲಿ ನಿಂತವರು ಈ ಬಾರಿ ಪತ್ರಕರ್ತರು, ಫ್ರೆಂಡ್ಲಿಯವರ ಸ್ವಂತ ವೃತ್ತಿಯವರೇ. ಸೆಲ್ಡಿಸ್ ಅವರು ೧೯೫೪ರಲ್ಲಿ ಕೇಳಿದ ಪ್ರಶ್ನೆಗೆ ಫ್ರೆಂಡ್ಲಿಯವರು ಬರಹದಲ್ಲಿ ಏನೇ ಉತ್ತರ ಕೊಟ್ಟಿರಲಿ, ನಿರ್ಮಾಪಕರಾಗಿ ಕೊಟ್ಟ ಉತ್ತರ ಈ ಲಾಳಾಕಾರದ ಮೇಜು. ಇಂಡಿಯಾನಾಪೊಲಿಸ್‌ನ ಎರಡು ಸಭೆಗಳನ್ನು ಅಂದು ಕತ್ತರಿಯಿಂದ ಎದುರು ಬದುರು ಕೂಡಿಸಿದವರು, ಇಲ್ಲಿ ಭಿನ್ನಮತದ ಜನರನ್ನು ನಿಜವಾಗಿಯೂ ಒಂದೇ ಮೇಜಿನ ಸುತ್ತ ಕೂಡಿಸಿದರು. ಈ ಗೋಷ್ಠಿಗಳಿಗೂ ಮಿತಿಯಿದೆಯೆಂದು ಒಪ್ಪಬೇಕು. ಮೇಜಿನ ಸುತ್ತ ಕೂತವರೆಲ್ಲ ದೊಡ್ಡವರು. ಫ್ಲಾರಿಡಾದ ಕೂಲಿಗೆ ಅಲ್ಲಿ ಕುರ್ಚಿಯಿಲ್ಲ, ಹಣೆಯ ಬೆವರಿಲ್ಲ, ಸಲಿಕೆಯ ಸದ್ದಿಲ್ಲ. ಕೊರಿಯಾದ ಹಿಮದಲ್ಲಿ ಸಾಕ್ಷ್ಯಚಿತ್ರವನ್ನು ಜನರ ಬಳಿಗೆ ಕೊಂಡೊಯ್ದವರು ಇಲ್ಲಿ ಅದನ್ನು ವಿದ್ವಾಂಸರ ಕೊಠಡಿಗೆ ತಂದರೆಂದು ಯಾರಾದರೂ ದೂರಿದರೆ ಆ ದೂರನ್ನು ಪೂರ್ತಿಯಾಗಿ ತಳ್ಳಿಹಾಕಲಾಗದು.

ಫ್ರೆಂಡ್ಲಿಯವರು ತೀರಿಕೊಂಡದ್ದು ೧೯೯೮ರ ಮಾರ್ಚ್ ೩ರಂದು. ಡೆಕ್ಸ್‌ಟರ್‌ನ ಆ ಯುವಕ ಮುಂದೆ ಕ್ಯಾಲಿಫೋರ್ನಿಯಾಕ್ಕೆ ಹೋಗಿ ನೆಲೆಸಿ, ಸರ್ಕಾರದ ಹವಾಮಾನ ಇಲಾಖೆಯಲ್ಲಿ ಕೆಲಸ ಮಾಡಿದನು. ತಂದೆಯನ್ನೂ ಸೋದರಿಯನ್ನೂ ತೊರೆಯಲೊಪ್ಪದ ಆತನು ತನ್ನ ಪರವಾಗಿ ಚಿತ್ರ ತೆಗೆಸಿದವರಿಗಿಂತ ಒಂಬತ್ತು ವರ್ಷ ಹೆಚ್ಚು ಬಾಳಿ, ೨೦೦೭ರಲ್ಲಿ ಮರಣಹೊಂದಿದನು.